ಎಡಗಡೆ ಚಕ್ರ ಮುಚ್ಚಿದವನ ಹೆಸರು

ಬಾಗಲಗುಂಟೆ,
12 ಜುಲೈ 1986

ಕಾಶಿನಾಥ,

ಇದು ರಾಜಿಯ ಪತ್ರವಲ್ಲ. ನೀನು ನಮ್ಮ ಮೆಕ್ಯಾನಿಕರ ಸಂಘ ಬಿಟ್ಟು ಹುಬ್ಬಳ್ಳಿಯ ಕಂಪನಿ ಗ್ಯಾರೇಜಿಗೆ ಹೋದದ್ದು ತಪ್ಪು ಎಂದು ಅಂದೇ ಹೇಳಿದ್ದೆ, ಇಂದೂ ಹೇಳುತ್ತೇನೆ. ಆದರೆ ಡಿಸ್ಕ್ ಬ್ರೇಕಿನ ಕಾರುಗಳನ್ನು ದಿನವೂ ಬಿಚ್ಚಿ ಮುಚ್ಚುವವನು ನನಗೆ ಗೊತ್ತಿರುವವರಲ್ಲಿ ನೀನೊಬ್ಬನೇ. ತಿಳುವಳಿಕೆ ಯಾರೊಬ್ಬರ ಸ್ವತ್ತೂ ಅಲ್ಲವಾದ್ದರಿಂದ ಕೇಳಲು ನನಗೆ ಸಂಕೋಚವಿಲ್ಲ.

ನಮ್ಮ ಶೆಡ್ಡಿನ ಒಡತಿ ಅಕ್ಕಯ್ಯಮ್ಮನವರು ಕೆರೆ ಪಕ್ಕದ ಹೊಲವನ್ನು ಲೇಔಟಿಗೆ ಕೊಟ್ಟು ಹೊಸ ಮಾದರಿಯ ಕಾರು ಕೊಂಡಿದ್ದಾರೆ. ಮುಂದಿನ ಎರಡೂ ಚಕ್ರಕ್ಕೆ ಡಿಸ್ಕ್. ಮೇ ತಿಂಗಳಲ್ಲಿ ನಾವೇ ಅದರ ಬ್ರೇಕ್ ಪ್ಯಾಡುಗಳನ್ನು ಬದಲಾಯಿಸಿ ಕೊಟ್ಟೆವು. ಆಮೇಲಿನಿಂದ ಹಳ್ಳದ ರಸ್ತೆಯಲ್ಲಿ ಎಡಗಡೆಯ ಮುಂಭಾಗದಲ್ಲಿ ಟಕ್ ಟಕ್ ಎಂದು ಬಡಿಯುವ ಸದ್ದು. ನುಣುಪಾದ ರಸ್ತೆಯಲ್ಲಿ ಇಲ್ಲ. ಶಾಕ್ ಅಬ್ಸಾರ್ಬರ್ ಬದಲಾಯಿಸಿದೆವು. ಕೆಳಗಿನ ಬುಶ್‌ಗಳನ್ನು ಬದಲಾಯಿಸಿದೆವು. ಎಲ್ಲ ನಟ್ಟುಗಳನ್ನೂ ಬಿಗಿದೆವು. ಸದ್ದು ಹಾಗೇ ಇದೆ.

ಮೊನ್ನೆ ಅವರೇ ಶೆಡ್ಡಿಗೆ ಬಂದರು. "ಏನಪ್ಪಾ, ನನ್ ಕಾರೊಳಗೆ ಯಾರೋ ಕುಂತ್ಕಂಡು ಬಾಗ್ಲು ತಟ್ಟಿದಂಗಾಯ್ತದೆ. ಗೌರಿ ಅಬ್ಬದೊಳಗೆ ನಿಲ್ಸು. ನಿಲ್ಸಾಕಾಗ್ದಿದ್ರೆ ಶೆಡ್ ಖಾಲಿ ಮಾಡು. ಗ್ರಾನೈಟ್ ಕಲ್ಲಿನೋರು ಕೇಳ್ತಾವ್ರೆ."

ಶೆಡ್ಡು ಹೋದರೆ ಸಂಘವೂ ಹೋಯಿತು. ಲಕ್ಕಣ್ಣ ತುಮಕೂರು ರಸ್ತೆಯ ಲಾರಿ ಕಂಪನಿಗೆ ಹಿಂತಿರುಗುತ್ತಾನೆ, ಸೇತುರಾಮ ಯಶವಂತಪುರದಲ್ಲಿರುವ ಮಾವನ ಅಂಗಡಿಗೆ. ನಾನು ಕಿರುಹೊತ್ತಿಗೆ ಹಂಚಿಕೊಂಡು ತಿರುಗುವ ಇನ್ನೊಬ್ಬ ಮಾತುಗಾರನಾಗುತ್ತೇನೆ. ಧಣಿಯಿಲ್ಲದ ಗ್ಯಾರೇಜು ನಡೆಯುತ್ತದೆ ಎಂದು ತೋರಿಸಿದವರು ಈ ಭಾಗದಲ್ಲಿ ನಾವು ಮಾತ್ರ. ಒಂದು ಟಕ್ ಟಕ್ ಸದ್ದಿಗೆ ಅದನ್ನು ಬಿಟ್ಟುಕೊಡುವವನು ನಾನಲ್ಲ.

ನಮ್ಮ ನಿಯಮ ಬದಲಾಗಿಲ್ಲ. ಮಧ್ಯಾಹ್ನ ಕಾರ್ಖಾನೆಯ ಸೈರನ್ ಕೂಗಿದ ಕೂಡಲೇ ಕೈ ಬದಲು. ಬ್ರೇಕಿನವನು ತೊಳೆಯಲು, ತೊಳೆಯುವವನು ಬ್ರೇಕಿಗೆ. ಒಬ್ಬನನ್ನು ಒಂದೇ ಕೆಲಸಕ್ಕೆ ಕಟ್ಟಿಹಾಕುವುದಕ್ಕೆ ನಮ್ಮ ದೇಶದಲ್ಲಿ ಹಳೆಯ ಹೆಸರೊಂದಿದೆ: ಜಾತಿ. ಇದು ನಿನಗೆ ಹಿಡಿಸಲಿಲ್ಲ, ಹೋದೆ. ಸದ್ದಿನ ಬಗ್ಗೆ ಮಾತ್ರ ಬರೆ.

ಸಂಘದ ಪರವಾಗಿ,
ತ್ರಿವಿಕ್ರಮ


ಹುಬ್ಬಳ್ಳಿ,
23 ಜುಲೈ 1986

ತ್ರಿವಿಕ್ರಮ ಮಹಾಶಯರೇ,

ನಿಮ್ಮ ಪತ್ರದಲ್ಲಿ ದೇಶದ ಬಗ್ಗೆ ಇದ್ದಷ್ಟು ವಿವರ ಕಾರಿನ ಬಗ್ಗೆಯೂ ಇದ್ದಿದ್ದರೆ ಈ ಉತ್ತರ ಇನ್ನೂ ಚಿಕ್ಕದಾಗುತ್ತಿತ್ತು.

ಹಳ್ಳದ ರಸ್ತೆಯಲ್ಲಿ ಓಡಿಸು. ಸದ್ದು ಬರುತ್ತಿರುವಾಗಲೇ ಬ್ರೇಕ್ ಪೆಡಲಿನ ಮೇಲೆ ಕಾಲನ್ನು ಸುಮ್ಮನೆ ಇಡು. ಗಾಡಿ ನಿಲ್ಲುವಷ್ಟು ಒತ್ತಬೇಡ, ಪ್ಯಾಡು ಡಿಸ್ಕನ್ನು ಮುಟ್ಟಿದರೆ ಸಾಕು. ಆಗಲೂ ಬಡಿದರೆ ತಪ್ಪು ಕೆಳಗಡೆ ಎಲ್ಲೋ ಇದೆ, ಹುಡುಕುತ್ತಾ ಹೋಗು. ಸದ್ದು ನಿಂತರೆ ನೀನು ಶಾಕ್ ಅಬ್ಸಾರ್ಬರ್ ಬದಲಾಯಿಸಿದ್ದು ದಂಡ, ಬಡಿಯುತ್ತಿರುವುದು ಡಿಸ್ಕನ್ನು ಇಕ್ಕಳದಂತೆ ಹಿಡಿಯುವ ಕ್ಯಾಲಿಪರ್, ಇಲ್ಲವೇ ಅದರೊಳಗಿನ ಪ್ಯಾಡು.

ಆಮೇಲೆ ಚಕ್ರ ತೆಗೆದು ಕ್ಯಾಲಿಪರನ್ನು ಕೈಯಲ್ಲಿ ಹಿಡಿದು ಅಲ್ಲಾಡಿಸು. ಅದು ಎರಡು ಪಿನ್ನುಗಳ ಮೇಲೆ ಅತ್ತಿತ್ತ ಜಾರುತ್ತದೆ. ಪಿನ್ನು ಸವೆದಿದ್ದರೆ ಕ್ಯಾಲಿಪರೇ ಕುಣಿಯುತ್ತದೆ. ಪಿನ್ನು ಸರಿಯಿದ್ದು ಪ್ಯಾಡು ಮಾತ್ರ ಬೀಳುವ ಹಲ್ಲಿನಂತೆ ಅಲ್ಲಾಡಿದರೆ, ಪ್ಯಾಡಿನ ಮೇಲೊಂದು ತೆಳು ತಗಡಿನ ಸ್ಪ್ರಿಂಗು ಇರಬೇಕು, ಇದೆಯೇ ನೋಡು. ಪ್ಯಾಡನ್ನು ಜಾಗದಲ್ಲಿ ಒತ್ತಿ ಹಿಡಿಯುವುದು ಅದೇ. ಬಲಗಡೆಯದನ್ನೂ ಬಿಚ್ಚಿ ಪಕ್ಕದಲ್ಲಿಟ್ಟು ಹೋಲಿಸು.

ಇನ್ನೊಂದು ಮಾತು. ಬಿಚ್ಚುವಾಗ ಸೈರನ್ ಕೂಗಿದರೆ ಕಿವಿಗೆ ಹತ್ತಿ ಇಟ್ಟುಕೋ.

ಲಕ್ಕಣ್ಣನ ಬೆನ್ನುನೋವು ಹೇಗಿದೆ?

ಕಾಶಿನಾಥ


ಬಾಗಲಗುಂಟೆ,
4 ಆಗಸ್ಟ್ 1986

ಪ್ರಿಯ ಕಾಶಿನಾಥ,

ಗೆದ್ದೆವು! ವಿವರವಾಗಿ ಬರೆಯುತ್ತೇನೆ.

ಅಕ್ಕಯ್ಯಮ್ಮನವರ ಡ್ರೈವರ್ ಪಿಳ್ಳಣ್ಣ ಹೆಸರಘಟ್ಟ ರಸ್ತೆಯಲ್ಲಿ ಕಾರು ಓಡಿಸಿದ. ನಾನು ಎಡಗಡೆ ಕೂತು ತಲೆ ಹೊರಗೆ ಹಾಕಿ ಸದ್ದು ಕೇಳುತ್ತಿದ್ದೆ.

"ಸಾರ್, ನಿಮ್ ಕಿವಿ ಒಳ್ಗಿಟ್ಕಳಿ. ಬಿಟಿಎಸ್ ಬಸ್ ಬತ್ತಾ ಅದೆ. ಅದು ತಕ್ಕಂಡೋದ್ರೆ ನಾನೇನ್ ಮಾಡ್ಲಿ?"

"ನೀನು ಬ್ರೇಕಿನ ಮೇಲೆ ಕಾಲಿಡು ಪಿಳ್ಳಣ್ಣ. ಮೆಲ್ಲಗೆ."

ಕಾಲಿಟ್ಟ. ಸದ್ದು ನಿಂತಿತು. ಕಾಲು ತೆಗೆದ. ಟಕ್ ಟಕ್. ಮತ್ತೆ ಇಟ್ಟ, ಮತ್ತೆ ನಿಂತಿತು. ಪಿಳ್ಳಣ್ಣನಿಗೆ ಇದು ಎಷ್ಟು ಇಷ್ಟವಾಯಿತೆಂದರೆ ಶೆಡ್ಡಿಗೆ ಮರಳುವವರೆಗೂ ತಾಳ ಹಾಕಿಕೊಂಡೇ ಬಂದ.

ಪಿನ್ನುಗಳು ಸರಿಯಾಗಿದ್ದವು. ಪ್ಯಾಡು ನೀನು ಹೇಳಿದಂತೆಯೇ ಹಲ್ಲಿನ ಹಾಗೆ ಅಲ್ಲಾಡಿತು. ಎಡಗಡೆ ಸ್ಪ್ರಿಂಗೇ ಇಲ್ಲ! ಬಲಗಡೆ ಇದೆ. ಕೂಡಲೇ ಸಭೆ ಕರೆದೆ.

ಲಕ್ಕಣ್ಣ ಹೇಳಿದ: "ಬಲ್ಗಡೆದು ನಾನೇ ಬಿಚ್ಚಿ ನಾನೇ ಮುಚ್ದೆ ಗುರು. ಎಡ್ಗಡೆದು ಬಿಚ್ಚಿ, ಸ್ಪ್ರಿಂಗ್ನ ಸೀಮೆಎಣ್ಣೆ ತಟ್ಟೇಲಿ ಆಕಿದ್ದೆ. ಸೈರನ್ ಆಯ್ತು, ಲಾರಿ ತೊಳ್ಯಾಕೆ ಓದೆ."

ಸೇತುರಾಮ ಹೇಳಿದ: "ತಟ್ಟೇಲೊಂದು ತಗಡಿತ್ತು ಕಣೋ. ಹಳೇ ಪ್ಯಾಡ್ ಜೊತೆ ಬಂದಿದ್ದು ಅಂದ್ಕೊಂಡು ಬಿಸಾಕ್ದೆ. ಅಷ್ಟೊತ್ತಿಗೆ ಬಲಗಡೆ ಚಕ್ರ ಹಾಕಿಬಿಟ್ಟಿದ್ರಲ್ಲ, ನಾನು ಏನ್ ನೋಡಿ ಹೋಲಿಸ್ಲಿ?"

ನೀನು ಏನು ಹೇಳುತ್ತೀ ಎಂದು ಗೊತ್ತು. ತಪ್ಪು ಸರದಿಯದಲ್ಲ, ಗಮನದ್ದು. ಒಬ್ಬ ಇನ್ನೊಬ್ಬನಿಗೆ ಬಾಯಿಬಿಟ್ಟು ಹೇಳಿದ್ದರೆ ಸರದಿಯೇ ಕಾಪಾಡುತ್ತಿತ್ತು.

ಸ್ಪ್ರಿಂಗು ಬೆಂಗಳೂರಿನ ಅಂಗಡಿಗಳಲ್ಲಿ ಸಿಗಲಿಲ್ಲ. ಇಡೀ ಕ್ಯಾಲಿಪರ್ ಕೊಂಡರೆ ಅದರೊಂದಿಗೆ ಬರುತ್ತದಂತೆ! ಒಂದು ಬೆರಳಗಲದ ತಗಡಿಗಾಗಿ ಕಂಪನಿಯ ಮುಂದೆ ಕೈಕಟ್ಟಿ ನಿಲ್ಲುವುದೇ? ಬಲಗಡೆಯದನ್ನು ಮಾದರಿಯಾಗಿಟ್ಟುಕೊಂಡು ಹ್ಯಾಕ್ಸಾ ಬ್ಲೇಡನ್ನು ಕಾಯಿಸಿ, ಬಗ್ಗಿಸಿ, ಎಣ್ಣೆಯಲ್ಲಿ ಅದ್ದಿ, ನಾವೇ ಮಾಡಿದೆವು. ಸ್ವಲ್ಪ ಬಿಗಿ, ಆದರೆ ಕೂತಿತು. ದಾಸರಹಳ್ಳಿಯವರೆಗೆ ಹೋಗಿ ಬಂದೆವು. ಸದ್ದಿಲ್ಲ!

ಅಕ್ಕಯ್ಯಮ್ಮನವರು ಒಂದು ಸುತ್ತು ಕೂತು ಬಂದು, "ಈಗ ಕಾರು ಕಾರಿನಂಗದೆ. ಶೆಡ್ ನೀವೇ ಇಟ್ಕಳಿ" ಎಂದರು. ಮಧ್ಯಾಹ್ನ ಪಿಳ್ಳಣ್ಣನ ಕೈಯಲ್ಲಿ ಮುದ್ದೆ, ಹುರುಳಿಕಾಳಿನ ಬಸ್ಸಾರು ಕಳುಹಿಸಿದರು. ನಿನಗೂ ಒಂದು ಪಾಲು ಸಲ್ಲಬೇಕಿತ್ತು.

ಲಕ್ಕಣ್ಣನ ಬೆನ್ನು ವಾಸಿ. ನಿನ್ನನ್ನು ಕೇಳಿದ.

ಗೆಲುವಿನ ಖುಷಿಯಲ್ಲಿ,
ತ್ರಿವಿಕ್ರಮ


ಹುಬ್ಬಳ್ಳಿ,
11 ಆಗಸ್ಟ್ 1986

ತ್ರಿವಿಕ್ರಮ,

ಆ ಬ್ಲೇಡನ್ನು ಇವತ್ತೇ ತೆಗೆ. ಪತ್ರ ಪೂರ್ತಿ ಓದುವುದನ್ನು ಆಮೇಲಿಟ್ಟುಕೋ.

ಹ್ಯಾಕ್ಸಾ ಬ್ಲೇಡು ಕೊಯ್ಯುವುದಕ್ಕೆ ಮಾಡಿದ ಉಕ್ಕು, ಕುಣಿಯುವುದಕ್ಕಲ್ಲ. ಬ್ರೇಕು ಕಾದು ಆರಿ, ಕಾದು ಆರಿ, ಅದು ಒಂದು ದಿನ ಕಡ್ಡಿಯ ಹಾಗೆ ಮುರಿಯುತ್ತದೆ. ಮುರಿದ ಚೂರು ಡಿಸ್ಕಿಗೂ ಪ್ಯಾಡಿಗೂ ನಡುವೆ ಸಿಕ್ಕಿದರೆ ಎಡಗಡೆ ಚಕ್ರ ಹಿಡಿಯುತ್ತದೆ, ಬಲಗಡೆಯದು ಓಡುತ್ತದೆ. ಕಾರು ಎತ್ತ ತಿರುಗುತ್ತದೆಂದು ನಾನು ಹೇಳಬೇಕಾಗಿಲ್ಲ. "ಸ್ವಲ್ಪ ಬಿಗಿ" ಎಂದು ನೀನೇ ಬರೆದಿದ್ದೀ. ಬಿಗಿಯಿದ್ದರೆ ಕಾಲು ತೆಗೆದ ಮೇಲೂ ಪ್ಯಾಡು ಡಿಸ್ಕಿಗೆ ಉಜ್ಜುತ್ತಿರುತ್ತದೆ. ಒಂದು ಸುತ್ತು ಓಡಿಸಿ ಎರಡೂ ಚಕ್ರದ ಹತ್ತಿರ ಕೈ ಹಿಡಿದು ನೋಡು, ಎಡಗಡೆಯದು ಹೆಚ್ಚು ಕಾದಿರುತ್ತದೆ.

ಸ್ಪ್ರಿಂಗು ಇಲ್ಲದೆ ಓಡಿದರೆ ಬಡಿಯುತ್ತದೆ, ಆದರೆ ಬ್ರೇಕು ಹಿಡಿಯುತ್ತದೆ. ನೀನು ಮಾಡಿದ್ದು ತಿರುವುಮುರುವು. ಸದ್ದನ್ನು ನಿಲ್ಲಿಸಿ ಅಪಾಯವನ್ನು ಒಳಗಿಟ್ಟೆ.

ಅಸಲಿ ಸ್ಪ್ರಿಂಗಿಗೆ ನಾನು ಇಲ್ಲಿ ಪ್ರಯತ್ನಿಸುತ್ತೇನೆ. ನಮ್ಮ ಬಿಡಿಭಾಗಗಳ ಸ್ಟೋರಿನವನು ಊರಿಗೆ ಹೋಗಿದ್ದಾನೆ. ಯಾವಾಗ ಬರುತ್ತಾನೋ ಹೇಳಲಾರೆ. ಅಲ್ಲಿಯವರೆಗೆ ಆಯಮ್ಮನಿಗೆ ಏನಾದರೂ ಒಂದು ನೆಪ ಹೇಳು. ನಿಜ ಹೇಳಿ ಶೆಡ್ಡು ಕಳೆದುಕೊಳ್ಳಬೇಡ.

ಕಾಶಿನಾಥ


ಬಾಗಲಗುಂಟೆ,
22 ಆಗಸ್ಟ್ 1986

ಪ್ರಿಯ ಕಾಶಿನಾಥ,

ನಿನ್ನ ಪತ್ರ ಬಂದ ಗಳಿಗೆಯಲ್ಲೇ ಸೈಕಲ್ ಹತ್ತಿದೆ. ಕಾರು ಅಲ್ಲಾಳಸಂದ್ರದ ನೆಂಟರ ಮನೆಗೆ ಹೊರಡುವುದರಲ್ಲಿತ್ತು. ಪಿಳ್ಳಣ್ಣ ಗೇಟು ತೆಗೆಯುತ್ತಿದ್ದಾಗ ಮುಂದೆ ಹೋಗಿ ನಿಂತೆ. ಅವರ ಅಂಗಳದಲ್ಲೇ ಜ್ಯಾಕು ಹಾಕಿ ಬ್ಲೇಡನ್ನು ತೆಗೆದೆ. ಬಗ್ಗಿಸಿದ ಕಡೆ ಆಗಲೇ ಕೂದಲೆಳೆಯಷ್ಟು ಬಿರುಕು. ಹೆಚ್ಚು ಬರೆಯುವುದಿಲ್ಲ, ನೀನು ಹೇಳಿದ್ದು ಸರಿ.

ನೆಪ ಹೇಳು ಎಂದಿದ್ದೆ. ಹೇಳಲಿಲ್ಲ. ಸುಳ್ಳಿನ ಮೇಲೆ ಉಳಿಯುವ ಶೆಡ್ಡಿನಲ್ಲಿ ಸಂಘ ಯಾಕೆ? ಅಕ್ಕಯ್ಯಮ್ಮನವರು ಹೂ ಮುಡಿದು ಜಗಲಿಯಲ್ಲಿ ನಿಂತಿದ್ದರು. ಮೇ ತಿಂಗಳಿಂದ ಆದದ್ದೆಲ್ಲವನ್ನೂ ಹೇಳಿದೆ.

"ಅಂಗಾರೆ ಸದ್ದು ತಂದೋರೂ ನೀವೆ, ನಿಲ್ಸಿದೋರೂ ನೀವೆ, ಈಗ ಮತ್ತೆ ತರೋರೂ ನೀವೆ?"

"ಹೌದು. ಸರಿಯಾದ ಸ್ಪ್ರಿಂಗು ಬರುವವರೆಗೆ ಬಡಿಯುತ್ತದೆ. ಆದರೆ ಬ್ರೇಕಿಗೆ ಮೋಸವಿಲ್ಲ."

"ಯಾರ್ಲಾ ಅದ್ನ ಬಿಟ್ಟೋನು?"

"ಸಂಘ. ಜವಾಬ್ದಾರಿ ಇಡೀ ಸಂಘದ್ದು."

"ಸಂಘಕ್ಕೆ ಕೈಯದಾ? ಕೈ ಇರೋನ್ ಎಸ್ರು ಯೋಳು."

"ನಾವು ಒಬ್ಬೊಬ್ಬರ ಹೆಸರು ಹೇಳುವುದಿಲ್ಲ, ಅಕ್ಕಯ್ಯಮ್ಮನವರೇ."

"ನೋಡಪ್ಪ, ನಮ್ ಬಾವಿ ತೋಡ್ದೋನ್ ಎಸ್ರು ನಂಗೊತ್ತು. ಈ ಗೋಡೆ ಕಟ್ಟಿದೋನ್ ಎಸ್ರು ಗೊತ್ತು. ನನ್ ಜೀವ ಇಡ್ಕಂಡಿರೋ ಬ್ರೇಕು ಮುಚ್ದೋನ್ ಎಸ್ರು ಕೇಳಿದ್ರೆ ಸಂಘ ಅಂತೀಯ. ಅಬ್ಬದ ದಿನ ಬತ್ತೀನಿ. ಸದ್ದೂ ಇರಬಾರ್ದು, ಎಸ್ರೂ ಬೇಕು. ಇಲ್ದಿದ್ರೆ ಕಲ್ಲಿನೋರಿಗೆ ಬೀಗದ್ ಕೈ ಕೊಡ್ತೀನಿ."

ಪಿಳ್ಳಣ್ಣ ನನ್ನನ್ನು ಗೇಟಿನವರೆಗೆ ಬಿಡಲು ಬಂದ. "ಸಾರ್, ಚಕ್ರ ಸರಿಯಿಲ್ಲ ಅಂದಿದ್ರೆ ಸಾಕಾಗಿತ್ತು. ಇಡೀ ಪುರಾಣ ಯಾಕ್ ಓದಿದ್ರಿ?"

ಹೆಸರು ಯಾಕೆ ಹೇಳುವುದಿಲ್ಲ ಎಂದು ನಿನಗೆ ಗೊತ್ತು. ಈ ಊರುಗಳಲ್ಲಿ ಹೆಸರು ಹೇಳಿದರೆ ಊರು ಕೇಳುತ್ತಾರೆ, ಊರು ಹೇಳಿದರೆ ಕೇರಿ ಕೇಳುತ್ತಾರೆ. ಲಕ್ಕಣ್ಣ ಲಾರಿ ಕಂಪನಿಯಲ್ಲಿದ್ದಾಗ ಅವನು ಕುಡಿಯುವ ಲೋಟವನ್ನು ಬೇರೆ ಇಟ್ಟಿದ್ದರು. ಸಂಘಕ್ಕೆ ಬಂದ ಮೊದಲ ದಿನ ನಾನು ಅವನಿಗೆ ಕೊಟ್ಟ ಮಾತು ಒಂದೇ: ಇಲ್ಲಿ ಕೆಲಸಕ್ಕೆ ಹೆಸರಿಲ್ಲ, ಆದ್ದರಿಂದ ಕೇರಿಯೂ ಇಲ್ಲ. ನಿಯಮ ಮಾಡಿದ್ದು ಅದಕ್ಕಾಗಿ. ತಗಡು ಬಿಸಾಕಿದವನು ಸೇತುರಾಮ ಎಂದರೆ ಬಿಚ್ಚಿಟ್ಟವನು ಯಾರು ಎಂಬ ಪ್ರಶ್ನೆ ಹಿಂದೆಯೇ ಬರುತ್ತದೆ. ಶೆಡ್ಡು ಉಳಿಸಿಕೊಳ್ಳಲು ಲಕ್ಕಣ್ಣನ ಹೆಸರನ್ನು ಆ ಜಗಲಿಗೆ ಒಯ್ಯುವುದೇ? ಆಗುವುದಿಲ್ಲ.

ಸ್ಪ್ರಿಂಗು ಸಿಕ್ಕರೆ ಕಳುಹಿಸು. ಉಳಿದದ್ದನ್ನು ನಾನು ನೋಡಿಕೊಳ್ಳುತ್ತೇನೆ.

ತ್ರಿವಿಕ್ರಮ


ಹುಬ್ಬಳ್ಳಿ,
29 ಆಗಸ್ಟ್ 1986

ತ್ರಿವಿಕ್ರಮ,

ಸ್ಟೋರಿನವನು ಬಂದ. ಎರಡು ಸ್ಪ್ರಿಂಗು ಕಳುಹಿಸಿದ್ದೇನೆ, ಎರಡೂ ಕಡೆ ಹೊಸದನ್ನೇ ಹಾಕಿ. ಪ್ಯಾಡು ಕೂರುವ ಜಾಗವನ್ನು ತಂತಿ ಬ್ರಶ್ಶಿನಿಂದ ಉಜ್ಜಿ ತುಕ್ಕು ತೆಗೆಯಿರಿ. ಪಿನ್ನುಗಳನ್ನು ಒರೆಸಿ, ಜೊತೆಯಲ್ಲಿರುವ ಚಿಕ್ಕ ಡಬ್ಬಿಯ ಗ್ರೀಸನ್ನು ತೆಳ್ಳಗೆ ಸವರಿ. ಬೇರಿಂಗಿಗೆ ಹಾಕುವ ಗ್ರೀಸು ಬೇಡ, ರಬ್ಬರು ಊದಿಕೊಳ್ಳುತ್ತದೆ. ಪ್ಯಾಡಿಗೂ ಡಿಸ್ಕಿಗೂ ಎಣ್ಣೆ ಬೆರಳು ತಾಗದಿರಲಿ. ಮುಚ್ಚಿದ ಮೇಲೆ ಪೆಡಲನ್ನು ನಾಲ್ಕಾರು ಸಲ ಒತ್ತಿ, ಗಟ್ಟಿಯಾದ ಮೇಲೇ ಕಾರು ಕದಲಿಸಬೇಕು.

ಸರದಿಯಲ್ಲಿ ಎಲ್ಲರೂ ತೊಳೆಯುವುದಕ್ಕೆ ನಾನು ಎಂದೂ ಬೇಡ ಅಂದವನಲ್ಲ. ಅರ್ಧ ಬಿಚ್ಚಿದ್ದನ್ನು ಬಿಟ್ಟು ಏಳಲಾರೆ ಅಂದೆ. ನೀನು ಅದನ್ನು ಮೇಲುಜಾತಿಯವನ ಹಟ ಅಂದೆ, ಎಲ್ಲರ ಮುಂದೆ.

ಇಲ್ಲಿ ನನ್ನ ಕೆಲಸಕ್ಕೆ ನಂಬರಿದೆ, ಹದಿನೇಳು. ಮುಗಿದ ಕಾರಿನ ಗಾಜಿಗೆ ಅದನ್ನು ಅಂಟಿಸುತ್ತಾರೆ. ಕಾರಿನವರು ನನ್ನನ್ನು ನೋಡುವುದಿಲ್ಲ, ನಾನು ಅವರನ್ನು ನೋಡುವುದಿಲ್ಲ. ಇಲ್ಲಿಯೂ ಯಾರಿಗೂ ಕೇರಿಯಿಲ್ಲ.

ಲಕ್ಕಣ್ಣನ ಹೆಸರಿನ ವಿಷಯ ಲಕ್ಕಣ್ಣನನ್ನು ಕೇಳಿದೆಯಾ?

ಕಾಶಿನಾಥ


ಬಾಗಲಗುಂಟೆ,
8 ಸೆಪ್ಟೆಂಬರ್ 1986

ಪ್ರಿಯ ಕಾಶಿನಾಥ,

ಕೇಳಿರಲಿಲ್ಲ. ಪಾರ್ಸೆಲ್ ಬಂದ ಸಂಜೆ ಸಭೆ ಸೇರಿಸಿದೆ. ಅಕ್ಕಯ್ಯಮ್ಮನವರ ಷರತ್ತು ಹೇಳಿ, ಸಂಘ ಇದಕ್ಕೆ ತಲೆಬಾಗಬಾರದು, ಶೆಡ್ಡು ಹೋದರೆ ಮರದ ನೆರಳಿನಲ್ಲಾದರೂ ಕೆಲಸ ಮಾಡೋಣ ಎಂದು ದೀರ್ಘವಾಗಿ ಮಾತಾಡಿದೆ. ಸೇತುರಾಮ ನೆಲ ನೋಡುತ್ತಿದ್ದ. ಲಕ್ಕಣ್ಣ ಎದ್ದು ನಿಂತ.

"ಗುರು, ನನ್ ಎಸ್ರು ಮುಚ್ಚಿಡಾಕೆ ನೀನ್ಯಾರು?"

"ನಿನಗೋಸ್ಕರ ಕಣೋ—"

"ನಂಗೋಸ್ಕರ ಅಂತ ನೀನೇ ಯೋಳ್ಕತಾ ಇದ್ದೀಯ. ಬಲ್ಗಡೆ ಚಕ್ರ ನಾನ್ ಮುಚ್ದೆ, ಅದು ಒಂದಿನ ಆದ್ರೂ ಬಡೀತಾ? ಅದ್ನ ಯಾರಾದ್ರೂ ಲಕ್ಕಣ್ಣ ಮಾಡಿದ್ದು ಅಂದ್ರಾ? ಲಾರಿ ಕಂಪನೀಲಿ ಲೋಟ ಬ್ಯಾರೆ ಇಟ್ರು, ಇಲ್ಲಿ ಎಸ್ರನ್ನೇ ಎತ್ತಿಟ್ಬಿಟ್ಟೆ. ಆಯಮ್ಮ ಕೇರಿ ಕೇಳಿದ್ರೆ ಕೇಳ್ಲಿ. ನಂಗೆ ಬಾಯಿಲ್ವಾ?"

ಸೇತುರಾಮ ಆಗ ನಿರ್ಣಯ ಮಂಡಿಸಿದ. ಸರದಿ ಇರಲಿ, ಎಲ್ಲರೂ ಎಲ್ಲ ಕೆಲಸ ಮಾಡಲಿ, ತೊಳೆಯುವುದೂ ಸೇರಿ. ಆದರೆ ಕೈ ಬದಲಾಗುವುದು ಒಂದು ಕಾರು ಮುಗಿದ ಮೇಲೆ, ಸೈರನ್ನಿಗಲ್ಲ. ಬಿಚ್ಚಿದವನೇ ಮುಚ್ಚಬೇಕು, ಮುಚ್ಚಿದವನ ಹೆಸರು ಗೋಡೆಯ ಮೇಲೆ ಬರೆಯಬೇಕು. ನೀನು ಕಳೆದ ವರ್ಷ ಮಂಡಿಸಿದ್ದ ನಿರ್ಣಯವೇ, ಒಂದು ಸಾಲು ಹೆಚ್ಚು. ಇಬ್ಬರು ಪರ. ವಿರುದ್ಧ ನಾನೊಬ್ಬ. ನನ್ನನ್ನು ಸೋಲಿಸುವ ಧೈರ್ಯ ಸಂಘಕ್ಕೆ ಬಂದದ್ದು ಕಂಡು ನನಗೆ ಬೇಸರವಾಗಲಿಲ್ಲ ಎಂದರೆ ನಂಬುತ್ತೀಯಾ? ಗೋಡೆಗೆ ಸುಣ್ಣ ಬಳಿದು ಗೆರೆ ಎಳೆದವನು ನಾನೇ. ಅಕ್ಷರ ದುಂಡಗಿರುವುದು ನನ್ನದು ಮಾತ್ರ.

ಲಕ್ಕಣ್ಣ ಎರಡೂ ಚಕ್ರ ಬಿಚ್ಚಿ, ಉಜ್ಜಿ, ನೀನು ಬರೆದಂತೆಯೇ ಕೂರಿಸಿದ. ಮಧ್ಯೆ ಸೈರನ್ ಕೂಗಿತು. ಮೂವರೂ ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಯಾರೂ ಏಳಲಿಲ್ಲ.

ಹಬ್ಬದ ಬೆಳಿಗ್ಗೆ ಅಕ್ಕಯ್ಯಮ್ಮನವರು ಬಂದರು. ಬಾಗಿನದ ಮೊರ ಹಿಂದಿನ ಸೀಟಿನಲ್ಲಿತ್ತು. ನಾನು ಬಾಯಿ ತೆರೆಯುವ ಮೊದಲೇ ಲಕ್ಕಣ್ಣ ಮುಂದೆ ಬಂದ.

"ಎಡ್ಗಡೆ ಚಕ್ರ ಈ ಸಲ ಮುಚ್ದೋನು ನಾನು. ಲಕ್ಕಣ್ಣ."

"ಯಾವೂರ್ಲಾ?"

"ಮಾಕಳಿ."

"ಮಾಕಳೀಲಿ ಯಾರ್ ಪೈಕಿ?"

"ಕಾಲೋನಿ ಮರಿಯಮ್ಮನ ಮಗ."

ಸೇತುರಾಮ ಕೈಯಲ್ಲಿದ್ದ ಸ್ಪ್ಯಾನರನ್ನು ಒರೆಸುತ್ತಲೇ ಇದ್ದ. ನಾನು ಜಗಳಕ್ಕೆ ಸಿದ್ಧನಾಗಿ ಎರಡು ಹೆಜ್ಜೆ ಮುಂದೆ ಬಂದಿದ್ದೆ.

"ಕಾರತ್ತು, ಮುಂದುಗಡೆ ಕುಂತ್ಕ," ಎಂದರು ಅಕ್ಕಯ್ಯಮ್ಮನವರು. "ನಂದಿ ಬೆಟ್ಟ ಅತ್ತಿ ಇಳಿಯಾನ. ಬ್ರೇಕು ಇಡೀಲಿಲ್ಲ ಅಂದ್ರೆ ಇಬ್ರೂ ಒಟ್ಗೇ ಓಗಾನ."

"ನಂಗೂ ಸೇರ್ಸ್ಕಳಿ ಅಮ್ಮಾ, ಓಡ್ಸೋನು ನಾನು," ಎಂದ ಪಿಳ್ಳಣ್ಣ.

ನಾವು ರಸ್ತೆಯಲ್ಲಿ ನಿಂತು ನೋಡಿದೆವು. ಶೆಡ್ಡಿನ ಮುಂದಿನ ದೊಡ್ಡ ಹಳ್ಳದಲ್ಲಿ ಕಾರು ಇಳಿದು ಎದ್ದಿತು. ಸದ್ದಿಲ್ಲ. ಸಂಜೆ ಮೂವರೂ ಮರಳಿದರು. ಬೆಟ್ಟದ ಇಳಿಜಾರಿನಲ್ಲಿ ಲಕ್ಕಣ್ಣ ಪಿಳ್ಳಣ್ಣನಿಗೆ ತಿರುವು ತಿರುವಿಗೂ ಬ್ರೇಕ್ ಹಿಡಿಯುವುದನ್ನು ಹೇಳಿಕೊಟ್ಟನಂತೆ. ಪಿಳ್ಳಣ್ಣ ಮುಖ ಊದಿಸಿಕೊಂಡಿದ್ದ. ಅಕ್ಕಯ್ಯಮ್ಮನವರು ಇಳಿಯದೆಯೇ ಹೇಳಿದರು: "ಶೆಡ್ಡು ನಿಮ್ಗೇ. ನನ್ ಕಾರಿಗೆ ಮಾತ್ರ ಇವ್ನೇ ಕೈ ಆಕ್ಬೇಕು."

"ಅದಾಗಲ್ಲ ಅಮ್ಮಾ," ಎಂದ ಲಕ್ಕಣ್ಣ. "ನಮ್ದು ಸರದಿ. ಯಾರಿಗ್ ಬತ್ತದೋ ಅವ್ರು. ಎಸ್ರು ಮಾತ್ರ ಗೋಡೆ ಮ್ಯಾಲಿರ್ತದೆ, ನೋಡ್ಕಳಿ."

ಅವರು ನಕ್ಕರೋ ಗೊಣಗಿದರೋ ತಿಳಿಯಲಿಲ್ಲ. ಬೀಗದ ಕೈಯನ್ನು ಕಲ್ಲಿನವರಿಗೆ ಕೊಟ್ಟಿಲ್ಲ. ಬೆಟ್ಟದಿಂದ ಬರುವಾಗ ಅವರ ಮನೆಯಲ್ಲಿ ನಿಂತರಂತೆ; ಲಕ್ಕಣ್ಣನನ್ನು ಒಳಗೆ ಕರೆದು ಊಟಕ್ಕಿಕ್ಕಿದರೋ ಎಂದು ಕೇಳಬೇಡ. ಜಗಲಿಯವರೆಗೆ ಮಾತ್ರ. ಆ ಜಗಳ ಬಾಕಿಯಿದೆ, ಅದನ್ನು ಲಕ್ಕಣ್ಣನನ್ನು ಕೇಳಿಯೇ ಮಾಡುತ್ತೇನೆ.

ಕಾಶಿನಾಥ, ನಿನ್ನದು ಮೇಲುಜಾತಿಯವನ ಹಟವಾಗಿರಲಿಲ್ಲ. ಎಲ್ಲರ ಮುಂದೆ ಅಂದದ್ದನ್ನು ಎಲ್ಲರ ಮುಂದೆಯೇ ಹಿಂತೆಗೆದುಕೊಂಡಿದ್ದೇನೆ. ಸೇತುರಾಮನೂ ಲಕ್ಕಣ್ಣನೂ ಸಾಕ್ಷಿ.

ಮುಂದಿನ ಸೋಮವಾರ ಯಲಹಂಕದಿಂದ ಒಂದು ಹಳೆಯ ವಿದೇಶಿ ಕಾರು ಬರುತ್ತದೆ, ನಾಲ್ಕೂ ಚಕ್ರಕ್ಕೆ ಡಿಸ್ಕ್. ಅಂಥದ್ದನ್ನು ನಾವು ಮೂವರೂ ಬಿಚ್ಚಿಲ್ಲ. ಗೋಡೆಯ ಮೇಲೆ ಕಾರಿನ ನಂಬರ್ ಬರೆದಿದ್ದೇನೆ. ಅದರ ಎದುರಿಗೆ ಇನ್ನೂ ಯಾರ ಹೆಸರೂ ಬರೆದಿಲ್ಲ.

ನಿನ್ನ,
ತ್ರಿವಿಕ್ರಮ